ಸೆರೋವೆ ಎಂಬ ಹಳ್ಳಿಯೂ ಖಾಮ ಅರಸನೂ

ಆಫ್ರಿಕಾ ಖಂಡದ ದಕ್ಷಿಣ ಭಾಗದಲ್ಲಿ, ಕಲಹಾರಿ ಎಂಬ ಮರುಭೂಮಿಯ ಮೂಡಣ ಅಂಚಿನಲ್ಲಿ, ಬೋಟ್ಸ್ವಾನ ದೇಶಕ್ಕೆ ಸೇರಿದ ಸೆರೋವೆ ಎಂಬ ಊರುಂಟು. ಅಲ್ಲಿ 50,000ಕ್ಕೂ ಹೆಚ್ಚು ಜನರು ವಾಸವಾಗಿದ್ದರೂ ಆ ದೇಶದವರು ಅದನ್ನು ಇಂದಿಗೂ ಹಳ್ಳಿಯೆಂದೇ ಕರೆಯುತ್ತಾರೆ. ಬೋಟ್ಸ್ವಾನ ದೇಶವು 1966ನೇ ಇಸವಿಯಲ್ಲಿ ಸ್ವತಂತ್ರವಾದಾಗ ಅದರ ಮೊದಲನೆಯ ಅಧ್ಯಕ್ಷನಾದ ಸೆರೆಟ್ಸೆ ಖಾಮನು ಹುಟ್ಟಿದ್ದು ಈ ಹಳ್ಳಿಯಲ್ಲಿಯೇ. ಇದರಿಂದ ಆ ಊರಿನ ಹೆಸರು ಲೋಕಕ್ಕೆಲ್ಲಾ ತಿಳಿದುಬಂದಿತು. ಆದರೆ ಈ ತಿಂಗಳು ನಾವು ವಾಚಕರ ಮುಂದಿಡಬೇಕೆಂದಿರುವುದು ಆ ಅಧ್ಯಕ್ಷನ ಅಜ್ಜನೂ, ಆ ಊರನ್ನು ಕಟ್ಟಿಸಿದವನೂ ಆದ ಮೂರನೆಯ ಖಾಮ ಅರಸನ ಚರಿತ್ರೆಯನ್ನು. ಕ್ರಿಸ್ತನನ್ನು ಹಿಂಬಾಲಿಸಿದ್ದರಿಂದ ತಂದೆಯ ಮನೆಯಲ್ಲಿ ವಿರೋಧವನ್ನು ಕಂಡವರು ನಮ್ಮ ಸಭೆಗಳಲ್ಲಿ ಹಲವರಿದ್ದಾರೆ. ಅಂಥವರು ಈ ವೃತ್ತಾಂತವನ್ನು ವಿಶೇಷವಾದ ಆಸಕ್ತಿಯಿಂದ ಓದುವರೆಂದು ನಂಬುತ್ತೇವೆ.

ಖಾಮನು ಸುಮಾರು 1837ರಲ್ಲಿ, ಮಕ್ಗಡಿಕ್ಗಡಿ ಎಂಬ ದೊಡ್ಡ ಉಪ್ಪುಬಯಲಿನ ಸಮೀಪದಲ್ಲಿರುವ ಮೋಸು ಎಂಬ ಸ್ಥಳದಲ್ಲಿ ಜನಿಸಿದನು. ಅವನ ತಂದೆಯಾದ ಸೆಖೋಮನು ಬಾಂಗ್ವಾಟೋ ಎಂಬ ಕುಲಕ್ಕೆ ಅರಸನಾಗಿದ್ದನು. ಈ ಕುಲದವರು ದನಕರುಗಳನ್ನು ಸಾಕಿ, ಮಳೆ ಬಂದ ವರ್ಷದಲ್ಲಿ ಜೋಳವನ್ನು ಬೆಳೆದು ಜೀವಿಸುವವರು. ಚಿಕ್ಕ ಜಾತಿಯ ಒಂದು ಜಿಂಕೆಯು ಅವರ ಕುಲಚಿಹ್ನೆಯಾಗಿರುವುದರಿಂದ ಅವರು ಅದನ್ನು ಕೊಲ್ಲುವುದೂ ಇಲ್ಲ, ಅದರ ಮಾಂಸವನ್ನು ಉಣ್ಣುವುದೂ ಇಲ್ಲ. ಮಳೆಯು ಬಹು ವಿರಳವಾದ ಆ ನಾಡಿನಲ್ಲಿ ಅರಸನೇ ಮಳೆಯನ್ನು ಬರಮಾಡತಕ್ಕವನೆಂದು ಜನರು ನಂಬಿದ್ದರು. ಆದಕಾರಣ ಮಂತ್ರಗಳೂ ಮದ್ದುಗಳೂ ಬಲಿಗಳೂ ಅರಸುತನದ ಒಂದು ಭಾಗವಾಗಿದ್ದವು. ಸೆಖೋಮನು ಈ ವಿದ್ಯೆಗಳಲ್ಲಿ ನಿಪುಣನೆಂದು ಹೆಸರುಗೊಂಡವನು. ಅವನು ಬುದ್ಧಿವಂತನೂ ಧೈರ್ಯಶಾಲಿಯೂ ಆಗಿದ್ದನೆಂಬುದನ್ನು ನಾವು ಮರೆಯಬಾರದು. ಶತ್ರುಗಳಿಂದ ಚೆದರಿಹೋಗಿದ್ದ ಕುಲವನ್ನು ತಿರಿಗಿ ಕೂಡಿಸಿದವನು ಅವನೇ. 1842ರಲ್ಲಿ ಡೇವಿಡ್ ಲಿವಿಂಗ್‌ಸ್ಟನ್ ದೊರೆಗಳು ಅವನ ಊರಿಗೆ ಬಂದಾಗ ಅವರನ್ನು ಆದರದಿಂದ ಬರಮಾಡಿಕೊಂಡನು.

ಆ ಪ್ರಾಂತದಲ್ಲಿ ಸುವಾರ್ತೆಯ ಕೆಲಸವನ್ನು ನಡಿಸುತ್ತಿದ್ದದ್ದು ಲಂಡನ್ ಮಿಶನ್. 1810ರಲ್ಲಿ ನಮ್ಮ ಬಳ್ಳಾರಿಗೆ ಹ್ಯಾಂಡ್ಸ್ ಪಾದ್ರಿಗಳನ್ನು ಕಳುಹಿಸಿದ ಸಂಘವೂ ಇದೇ. ಈ ಮಿಶನಿಗೆ ಸೇರಿದ ರಾಬರ್ಟ್ ಮೊಫಾಟ್ ಪಾದ್ರಿಗಳು ಕುರುಮಾನ್ ಎಂಬಲ್ಲಿ ಇದ್ದುಕೊಂಡು, ಸತ್ಯವೇದವನ್ನೆಲ್ಲಾ ಆ ಜನರ ಸೆಟ್ಸ್ವಾನ ಭಾಷೆಗೆ ಪರಿವರ್ತಿಸಿ, 1857ರಲ್ಲಿ ಆ ಕೆಲಸವನ್ನು ಮುಗಿಸಿದರು. ಆದರೆ ಖಾಮನಿಗೆ ದೀಕ್ಷಾಸ್ನಾನ ಕೊಟ್ಟವರು ಜರ್ಮನ್ ದೇಶದ ಹೆರ್ಮನ್ಸ್‌ಬುರ್ಗ್ ಮಿಶನಿನ ಶುಲೆನ್‌ಬೋರ್ಗ್ ಎಂಬ ಪಾದ್ರಿಗಳು. 1860ರಲ್ಲಿ ಬಾಂಗ್ವಾಟೋ ಕುಲದ ರಾಜಧಾನಿಯಾಗಿದ್ದ ಶೋಶೋಂಗ್ ಊರಿನಲ್ಲಿ ಖಾಮನೂ ಅವನ ತಮ್ಮಂದಿರಲ್ಲಿ ಕೆಲವರೂ ದೀಕ್ಷಾಸ್ನಾನ ಹೊಂದಿದರು. 1862ರಲ್ಲಿ ಅವನು ಚುಕುಡು ಎಂಬ ಹಿರಿಯ ಮುಖಂಡನ ಮಗಳನ್ನು ಕ್ರೈಸ್ತ ಕ್ರಮದಂತೆ ಮದುವೆಯಾದನು. ಅದೇ ವರ್ಷ ಲಂಡನ್ ಮಿಶನಿನ ಮೆಕೆಂಜಿ ಪಾದ್ರಿಗಳು ಶೋಶೋಂಗಿಗೆ ಬಂದರು. ಮುಂದೆ ಅನೇಕ ವರ್ಷಗಳ ತನಕ ಅವರು ಖಾಮನಿಗೆ ಗುರುವೂ ಸ್ನೇಹಿತರೂ ಆಗಿದ್ದರು.

ತಂದೆಯು ಮೊದಮೊದಲು ಅಡ್ಡಿಮಾಡಲಿಲ್ಲ. ಮಗನು ಓದು ಬರಹವನ್ನು ಕಲಿಯುವುದು ಕುಲಕ್ಕೆ ಪ್ರಯೋಜನವೆಂದೇ ಅವನು ಎಣಿಸಿದನು. 1863ರಲ್ಲಿ ಉತ್ತರ ದಿಕ್ಕಿನಿಂದ ಮಾಟಬೆಲೆ ಎಂಬ ಭಯಂಕರವಾದ ಯುದ್ಧಕುಲದವರು ದಂಡೆತ್ತಿ ಬಂದಾಗ, ಖಾಮನು ಕುದುರೆ ಸವಾರರಾದ ಯೌವನಸ್ಥರ ಮುಂದಾಳಾಗಿ ಹೊರಟು ಅವರನ್ನು ಎದುರಿಸಿದನು. ಕ್ರೈಸ್ತನಾದವನು ಹೇಡಿಯಾಗುವನೆಂದು ಗೇಲಿಮಾಡುತ್ತಿದ್ದವರು ಅಂದಿನಿಂದ ಬಾಯಿ ಮುಚ್ಚಿಕೊಂಡರು, ಸೆಖೋಮನು ಮಗನ ವಿಷಯದಲ್ಲಿ ಹೆಮ್ಮೆಪಟ್ಟನು.

ಈ ಸಮಾಧಾನವು ಎರಡು ವರ್ಷ ನಿಂತಿತು. 1865ರಲ್ಲಿ ಬೊಗ್ವೇರ ಎಂಬ ಕರ್ಮದ ಕಾಲ ಬಂದಿತು. ಕುಲದ ಹುಡುಗರನ್ನು ಅಡವಿಗೆ ಕರೆದುಕೊಂಡು ಹೋಗಿ, ಸುನ್ನತಿ ಮಾಡಿ, ಗುಪ್ತವಾದ ಆಚಾರಗಳನ್ನು ಕಲಿಸಿ, ಗಂಡಸರೆಂದು ಎಣಿಸುವ ಸಂಸ್ಕಾರವು ಇದೇ. ಈ ಕರ್ಮದಲ್ಲಿ ಅರಸನ ಮಕ್ಕಳು ಮುಂದೆ ನಡೆಯಬೇಕು. ಅವರು ಬಾರದಿದ್ದರೆ ಕುಲವೆಲ್ಲಾ ಎರಡಾಗಿ ಸೀಳಿತೆಂದೇ ಅರ್ಥ. ಖಾಮನೂ ಅವನ ತಮ್ಮನಾದ ಖಾಮಾನೆಯೂ ಹೋಗಲು ಒಪ್ಪಲಿಲ್ಲ. ಇದಲ್ಲದೆ ಹೆಸರುಗೊಂಡ ಒಬ್ಬ ಮಾಂತ್ರಿಕನ ಮಗಳನ್ನು ಖಾಮನಿಗೆ ಹಿರಿಯ ಹೆಂಡತಿಯಾಗಿ ಕೊಡುವುದಕ್ಕೆ ತಂದೆಯು ಬಹಳ ಹಿಂದೆಯೇ ಮಾತು ನಿಶ್ಚಯಿಸಿದ್ದನು. ಕೈಹಿಡಿದ ಹೆಂಡತಿ ಇರುವಾಗ ಎರಡನೆಯವಳನ್ನು ತರಲಾರೆನೆಂದು ಮಗನು ನಿರಾಕರಿಸಿದನು. ಬೇರೆ ಯಾವ ಕಾರ್ಯದಲ್ಲಾದರೂ ತಂದೆಗೆ ವಿಧೇಯನಾಗಿರುವೆನು, ಬೇಟೆಗೆ ಕಳುಹಿಸಿದರೆ ಬೇಟೆಗೆ, ಯುದ್ಧಕ್ಕೆ ಕಳುಹಿಸಿದರೆ ಯುದ್ಧಕ್ಕೆ ಹೋಗುವೆನು, ಆದರೆ ಈ ಎರಡು ಸಂಗತಿಗಳಲ್ಲಿ ದೇವರ ಮಾತನ್ನು ಮೀರಲಾರೆನು ಎಂಬುದೇ ಅವನ ನಿಲುವಾಗಿತ್ತು. ಸೆಖೋಮನ ಕಣ್ಣಿಗೆ ಇದು ರಾಜದ್ರೋಹವಾಗಿ ಕಂಡಿತು. ನಾವು ಅವನ ಸ್ಥಾನದಲ್ಲಿ ನಿಂತು ನೋಡಿದರೆ ಅವನ ದುಃಖವೂ ಅರ್ಥವಾಗುತ್ತದೆ. ತನ್ನ ಹಿರಿಯರಿಂದ ಬಂದದ್ದನ್ನು ಯಾರ ಕೈಗೆ ಒಪ್ಪಿಸಬೇಕೋ ಅವನೇ ಬೇಡವೆಂದರೆ ಯಾವ ತಂದೆಯು ಸುಮ್ಮನಿರುವನು?

1866ರಲ್ಲಿ ಕೋಪವು ಕಟ್ಟೊಡೆಯಿತು. ಒಂದು ರಾತ್ರಿ ಸೆಖೋಮನು ತನ್ನ ಜನರನ್ನು ಕೂಡಿಸಿ ಮಕ್ಕಳ ಗುಡಿಸಲುಗಳ ಮೇಲೆ ಗುಂಡು ಹಾರಿಸಬೇಕೆಂದು ಆಜ್ಞಾಪಿಸಿದನು. ಜನರು ಹಿಂಜರಿದರು. ಆಜ್ಞೆ ನಡೆಯದೆ ಹೋದದ್ದನ್ನು ಕಂಡು ಅರಸನು, ಇನ್ನು ಮಕ್ಕಳು ತನ್ನನ್ನು ಕೊಲ್ಲುವರೆಂದು ಹೆದರಿ ಓಡಿದನು. ಆದರೆ ಖಾಮನು ತಂದೆಗೆ ಅಭಯವನ್ನು ಹೇಳಿಕಳುಹಿಸಿ, ಅವನನ್ನು ಅರಸುತನದಲ್ಲಿಯೇ ಇರಗೊಟ್ಟನು. ಗವಿಯಲ್ಲಿ ಸೌಲನು ಕೈಗೆ ಸಿಕ್ಕಿದ ಸಂಗತಿಯು ವಾಚಕರ ನೆನಪಿಗೆ ಬರಬಹುದು. ಸೌಲನಂತೆಯೇ ಸೆಖೋಮನೂ ಮತ್ತೆ ಹಳೆಯ ದಾರಿಗೆ ತಿರುಗಿದನು. ಮಾಂತ್ರಿಕರು ಇರುಳಲ್ಲಿ ಖಾಮನ ಮನೆಯ ಹತ್ತಿರ ಬೆಂಕಿ ಹೊತ್ತಿಸಿ ಮದ್ದುಗಳನ್ನು ಸುಡುತ್ತಿದ್ದರೆಂದೂ, ಅವನು ಹೊರಗೆ ಬಂದು ಮಾತಾಡಿಸಿದ ಕೂಡಲೇ ಓಡಿಹೋದರೆಂದೂ ಮಿಶನರಿಗಳು ತಿಳಿಸುತ್ತಾರೆ. ಮಾಟಕ್ಕೆ ಅಂಜುವವರು ಇದನ್ನು ಗಮನಿಸಲಿ. ಕಡೆಗೆ ಖಾಮನೂ ಅವನ ಕಡೆಯ ಕ್ರೈಸ್ತರೂ ಶೋಶೋಂಗಿನ ಬೆಟ್ಟಗಳನ್ನು ಹತ್ತಿ ಅಡಗಿಕೊಳ್ಳಬೇಕಾಯಿತು. ಅರಸನು ಬೆಟ್ಟಕ್ಕೆ ಮುತ್ತಿಗೆ ಹಾಕಿ ನೀರಿನ ದಾರಿಯನ್ನು ಕಟ್ಟಿದನು. ಖಾಮನ ಮಾವನಾದ ಚುಕುಡುವು ಆ ಗಲಭೆಯಲ್ಲಿ ಸೆಖೋಮನ ಅಪ್ಪಣೆಯಿಂದ ಕೊಲ್ಲಲ್ಪಟ್ಟನು. ಹೀಗೆ ಖಾಮನ ಎಳೆಯ ಹೆಂಡತಿಯು ಗಂಡನ ನಂಬಿಕೆಯ ನಿಮಿತ್ತ ತನ್ನ ತಂದೆಯನ್ನೇ ಕಳಕೊಂಡಳು. ಮಿಶನರಿಗಳ ಪುಸ್ತಕಗಳಲ್ಲಿ ಈಕೆಯ ವಿಷಯವು ಸ್ವಲ್ಪವೇ ಬಂದಿದೆ. ಹೆಚ್ಚು ಬರೆಯಬೇಕಾಗಿತ್ತೆಂದು ನಮಗೆ ತೋರುತ್ತದೆ.

ಮುಂದಿನ ಒಂಬತ್ತು ವರ್ಷಗಳ ಕಥೆಯು ತೊಡಕುಳ್ಳದ್ದು, ಸಂಕ್ಷೇಪವಾಗಿ ಹೇಳುತ್ತೇವೆ. ಮಗನನ್ನು ಸೋಲಿಸುವುದಕ್ಕೆಂದು ಸೆಖೋಮನು ಕರತರಿಸಿದ ಮಾಚೆಂಗ್ ಎಂಬ ದಾಯಾದಿಯು ಸೆಖೋಮನನ್ನೇ ಓಡಿಸಿ ತಾನು ಅರಸನಾದನು. ಅವನ ಆಳಿಕೆಯನ್ನು ಜನರು ತಾಳಲಾರದೆ 1872ರಲ್ಲಿ ಅವನನ್ನು ಹೊರಗೆ ಹಾಕಿ ಖಾಮನನ್ನು ಅರಸನನ್ನಾಗಿ ಮಾಡಿಕೊಂಡರು. ಖಾಮನು ಮಾಡಿದ ಮೊದಲ ಕೆಲಸಗಳಲ್ಲಿ ಒಂದು, ಪರದೇಶದಲ್ಲಿದ್ದ ತಂದೆಯನ್ನು 1873ರಲ್ಲಿ ಮನೆಗೆ ಕರತಂದದ್ದು. ತಂದೆಯು ಬಂದನು, ಬಂದು, ಖಾಮನನ್ನು ಬಿಟ್ಟು ಖಾಮಾನೆಯ ಪಕ್ಷವನ್ನು ಹಿಡಿದನು. ಆಗ ಖಾಮನು ಜಗಳಕ್ಕೆ ನಿಲ್ಲದೆ ಊರನ್ನು ಬಿಟ್ಟು ಉತ್ತರಕ್ಕೆ ಸೆರೋವೆಗೆ ಹೊರಟುಹೋದನು. ಕುಲದವರಲ್ಲಿ ಬಹು ಮಂದಿ ತಮ್ಮ ದನಗಳನ್ನು ಹೊಡೆದುಕೊಂಡು ಅವನ ಹಿಂದೆಯೇ ನಡೆದರು. 1875ರಲ್ಲಿ ಅವನು ತಿರಿಗಿ ಬಂದು ತಂದೆಯನ್ನು ಸೋಲಿಸಿ ಸ್ಥಿರವಾಗಿ ಅರಸನಾದನು. ಸೆಖೋಮನು 1883ರಲ್ಲಿ ತೀರಿಹೋದನು.

ಅಂದಿನಿಂದ ನಲವತ್ತೆಂಟು ವರ್ಷ ಖಾಮನು ಆಳಿದನು. ಆ ದೇಶದಲ್ಲಿ ಅರಸನು ನ್ಯಾಯ ವಿಚಾರಿಸುವ ಸ್ಥಳಕ್ಕೆ ಖೋಟ್ಲ ಎಂದು ಹೆಸರು. ಮರದ ಕಂಬಗಳನ್ನು ಲಾಳದ ಆಕಾರದಲ್ಲಿ ಒತ್ತಾಗಿ ನೆಟ್ಟು ಮಾಡಿದ ಬಯಲದು. ಅಲ್ಲಿ ಖಾಮನು ದಿನದಿನವೂ ಕೂತು ಬಡವನ ಮಾತನ್ನೂ ಕೇಳುತ್ತಿದ್ದನು. ತನ್ನ ಖೋಟ್ಲದಲ್ಲಿ ಮಂತ್ರತಂತ್ರಗಳು ನಡೆಯಬಾರದೆಂದು ಆರಂಭದಲ್ಲಿಯೇ ಗೊತ್ತುಮಾಡಿದನು. ಮಳೆಯ ಬಲಿಯನ್ನು ನಿಲ್ಲಿಸಿ, ಬಿತ್ತನೆಯ ಕಾಲದಲ್ಲಿ ಜನರನ್ನೆಲ್ಲಾ ಕೂಡಿಸಿ ದೇವರಿಗೆ ಪ್ರಾರ್ಥನೆ ಮಾಡಿಸಿದನು. ಇದು ಎಷ್ಟು ದೊಡ್ಡ ಸಾಹಸವೆಂಬುದನ್ನು ಮಳೆಯನ್ನೇ ನಂಬಿ ಹೊಲ ಮಾಡುವವರು ಬಲ್ಲರು. ಒಂದು ವರ್ಷ ಮಳೆ ತಪ್ಪಿದರೂ ಅದರ ಹೊಣೆಯು ಅರಸನ ಹೊಸ ಮತದ ಮೇಲೆಯೇ ಬೀಳುವಂಥಾದ್ದು. ಆ ನಾಡಿನಲ್ಲಿ ಮಳೆಗೆ ಪುಲ ಎಂದು ಹೆಸರು. ಶುಭವಾಗಲಿ ಎಂದು ಹರಸುವಾಗಲೂ ಅದೇ ಶಬ್ದವನ್ನು ಕೂಗುತ್ತಾರೆ, 1976ರಿಂದ ಅವರ ನಾಣ್ಯಕ್ಕೂ ಅದೇ ಹೆಸರು. ಬೊಗ್ವೇರವನ್ನೂ, ಹೆಣ್ಣಿಗಾಗಿ ದನಗಳನ್ನು ತೆರುವ ಪದ್ಧತಿಯನ್ನೂ ಖಾಮನು ನಿಲ್ಲಿಸಿದನು.

ಮದ್ಯಪಾನದ ವಿಷಯದಲ್ಲಂತೂ ಅವನಷ್ಟು ಕಠಿನನಾದ ಅರಸನನ್ನು ನಾವು ಕೇಳಿಲ್ಲ. ಬಿಳಿಯ ವ್ಯಾಪಾರಿಗಳು ಬಂಡಿಗಳಲ್ಲಿ ಬ್ರಾಂದಿಯನ್ನು ತಂದು ದಂತಕ್ಕೂ ಚರ್ಮಕ್ಕೂ ಬದಲಾಗಿ ಮಾರುತ್ತಿದ್ದರು. ಖಾಮನು ಇದನ್ನು ನಿಷೇಧಿಸಿದನು. ಅವರು ಒಪ್ಪಿಕೊಂಡಂತೆ ತೋರಿಸಿ ಕದ್ದು ತಂದರು. ಅವನು ಎಚ್ಚರಿಸಿದನು, ಮತ್ತೆ ಎಚ್ಚರಿಸಿದನು. ಆಮೇಲೆ ತಪ್ಪಿತಸ್ಥರನ್ನು ಅಂಗಡಿ ಸಾಮಾನುಗಳ ಸಮೇತ ದೇಶದಿಂದ ಹೊರಗೆ ಹಾಕಿದನು. ಆ ಕಾಲದಲ್ಲಿ ಒಬ್ಬ ಕಪ್ಪು ಅರಸನು ಬಿಳಿಯರಿಗೆ ಹೀಗೆ ಮಾಡಿದ್ದು ಸಾಮಾನ್ಯವಾದ ಸಂಗತಿಯಲ್ಲ. ಅನಂತರ ತನ್ನ ಜನರು ಜೋಳವನ್ನು ನೆನಸಿ ಹುಳಿಬರಿಸಿ ಮಾಡುತ್ತಿದ್ದ ನಾಡಮದ್ಯಕ್ಕೂ ನಿಷೇಧ ಮಾಡಿದನು. ಇದು ಬ್ರಾಂದಿಗಿಂತ ಕಷ್ಟವಾಯಿತು. ಬ್ರಾಂದಿಯು ಹೊರಗಿನದು, ಇದೋ ಅಜ್ಜಿ ಮುತ್ತಜ್ಜಿಯರ ಕಾಲದಿಂದ ಮದುವೆಗೂ ಸಾವಿಗೂ ಬೇಕಾದದ್ದು. ಎಷ್ಟೋ ಮಂದಿ ಗೊಣಗಿದರು, ಕದ್ದು ಮಾಡಿದರು. ಅವನ ಒಡಹುಟ್ಟಿದವರಲ್ಲಿಯೂ ಕೆಲವರು ಮುನಿದು 1895ರಲ್ಲಿ ಕುಲವನ್ನು ಬಿಟ್ಟು ಬೇರೆಯಾದರು.

ಅದೇ 1895ರಲ್ಲಿ ದೊಡ್ಡ ಆಪತ್ತು ಒದಗಿತು. ಹತ್ತು ವರ್ಷಗಳ ಹಿಂದೆ, ಅಂದರೆ 1885ರಲ್ಲಿ, ಆ ದೇಶವು ಬ್ರಿಟಿಷ್ ರಾಣಿಯ ರಕ್ಷಣೆಗೆ ಒಳಗಾಗಿತ್ತು. ಈಗ ಸೆಸಿಲ್ ರೋಡ್ಸ್ ಎಂಬ ಧನಿಕನ ಕಂಪನಿಯು ಆ ನಾಡನ್ನೆಲ್ಲಾ ತನ್ನ ವಶಕ್ಕೆ ಕೊಡಬೇಕೆಂದು ಲಂಡನಿನ ಸರಕಾರವನ್ನು ಕೇಳುತ್ತಿತ್ತು. ನೆರೆಯ ಮಾಟಬೆಲೆಯವರ ನೆಲವನ್ನು ಆ ಕಂಪನಿಯು ನುಂಗಿದ್ದನ್ನು ಖಾಮನು ಕಂಡಿದ್ದನು. 1893ರ ಆ ಯುದ್ಧಕ್ಕೆ ಅವನೇ ತನ್ನ ಜನರನ್ನು ಸಹಾಯಕ್ಕೆ ಕಳುಹಿಸಿದ್ದನು. ಈಗ ತನ್ನ ಸರದಿ ಬಂದಿತೆಂದು ತಿಳಿದು, ಬಕ್ವೇನ ಕುಲದ ಸೆಬೆಲೆ, ಬಾಂಗ್ವಾಕೆಟ್ಸೆ ಕುಲದ ಬಾಥೋಯೆನ್ ಎಂಬ ಅರಸರಿಬ್ಬರೊಂದಿಗೆ ಹಡಗನ್ನು ಹತ್ತಿ ಇಂಗ್ಲೆಂಡಿಗೆ ಹೋದನು. ವಿಲ್ಲೋಬಿ ಎಂಬ ಮಿಶನರಿಗಳು ದುಭಾಷಿಯಾಗಿ ಸಂಗಡ ಇದ್ದರು. ವಸಾಹತುಗಳ ಮಂತ್ರಿಯಾದ ಚೇಂಬರ್ಲೇನ್ ದೊರೆಯು ಕಂಪನಿಯ ಸಂಗಡ ಒಪ್ಪಂದ ಮಾಡಿಕೊಳ್ಳಿರೆಂದು ಹೇಳಿ ವಿಶ್ರಾಂತಿಗೆಂದು ಪರದೇಶಕ್ಕೆ ಹೊರಟುಹೋದನು. ಮೂವರು ಅರಸರೂ ಸುಮ್ಮನೆ ಕೂಡ್ರಲಿಲ್ಲ. ಊರಿಂದೂರಿಗೆ ಹೋಗಿ, ಪ್ರಾರ್ಥನಾಮಂದಿರಗಳಲ್ಲಿಯೂ ಮದ್ಯನಿಷೇಧ ಸಂಘಗಳ ಕೂಟಗಳಲ್ಲಿಯೂ ತಮ್ಮ ದೇಶದ ಸಂಗತಿಯನ್ನು ಜನರಿಗೆ ತಿಳಿಸಿದರು. ಕಂಪನಿಯು ಬಂದರೆ ನೆಲವೂ ಹೋಗುವುದು, ಮದ್ಯವೂ ಬರುವುದು ಎಂಬುದೇ ಅವರ ಮೊರೆ. ಸಭೆಗಳಿಂದ ಮಂತ್ರಿಗೆ ಮನವಿಗಳು ರಾಶಿಯಾಗಿ ಬಂದವು. ಅವನು ಮರಳಿ ಬಂದಾಗ ಮನಸ್ಸನ್ನು ಮಾರ್ಪಡಿಸಬೇಕಾಯಿತು. ನವೆಂಬರ್ ತಿಂಗಳಲ್ಲಿ ತೀರ್ಮಾನವಾಯಿತು. ರೈಲುದಾರಿಗೆಂದು ನೆಲದ ಒಂದು ಪಟ್ಟಿಯನ್ನು ಅರಸರು ಬಿಟ್ಟುಕೊಡಬೇಕು, ಅವರ ಜನರು ತೆರಿಗೆ ಕೊಡಬೇಕು. ಉಳಿದ ದೇಶವು ರಾಣಿಯ ರಕ್ಷಣೆಯಲ್ಲಿಯೇ ಇದ್ದು, ಮದ್ಯವು ಒಳಗೆ ಬಾರದಂತೆ ತಡೆಯಲ್ಪಡಬೇಕು. ನವೆಂಬರ್ 20ರಂದು ವಿಕ್ಟೋರಿಯ ರಾಣಿಯವರು ವಿಂಡ್ಸರ್ ಅರಮನೆಯಲ್ಲಿ ಅವರಿಗೆ ದರ್ಶನ ಕೊಟ್ಟರು. ಆ ಡಿಸೆಂಬರ್ ತಿಂಗಳ ಕಡೆಯಲ್ಲಿಯೇ ರೋಡ್ಸನ ಆಪ್ತನಾದ ಜೇಮ್ಸನ್ ಎಂಬವನು ಟ್ರಾನ್ಸ್‌ವಾಲ್ ದೇಶದ ಮೇಲೆ ದಂಡೆತ್ತಿ ಹೋಗಿ ಸೋತು ಸೆರೆಯಾದದ್ದರಿಂದ ಕಂಪನಿಯ ಹೆಸರು ಕೆಟ್ಟು, ಆ ಭಯವು ದೂರವಾಯಿತು. ಒಂದು ಹಳ್ಳಿಯ ಸಭೆಯವರು ಸಹಿ ಹಾಕಿದ ಮನವಿಯು ಒಂದು ದೇಶದ ನೆಲವನ್ನು ಉಳಿಸುವುದರಲ್ಲಿ ಪಾಲುಗೊಂಡದ್ದು ಚರಿತ್ರೆಯಲ್ಲಿ ಅಪರೂಪವಾದ ಸಂಗತಿಯೇ ಸರಿ.

ಖಾಮನ ರಾಜಧಾನಿಯು ಅಷ್ಟರಲ್ಲಿ ಶೋಶೋಂಗಿನಲ್ಲಿರಲಿಲ್ಲ. ಅಲ್ಲಿ ನೀರು ಸಾಲದ್ದರಿಂದ 1889ರಲ್ಲಿ ಊರಿಗೆ ಊರೇ ಎದ್ದು ಫಾಲಾಪ್ಯೆ ಎಂಬಲ್ಲಿಗೆ ಹೋಗಿತ್ತು. ಅಲ್ಲಿ ಜನರು ಇಟ್ಟಿಗೆಯಿಂದ ದೊಡ್ಡ ದೇವಾಲಯವನ್ನು ಕಟ್ಟಿದರು; ಅದರ ಪಾಳುಗೋಡೆಗಳು ಇಂದಿಗೂ ಬಯಲಿನಲ್ಲಿ ನಿಂತಿವೆ. ಅಲ್ಲಿಯೂ ನೀರು ಕಡಿಮೆಯಾದಾಗ, 1902ರಲ್ಲಿ, ಖಾಮನು ತನ್ನ ಯೌವನದಲ್ಲಿ ಆಶ್ರಯ ಹೊಂದಿದ್ದ ಸೆರೋವೆಗೇ ಕುಲವನ್ನೆಲ್ಲಾ ಕರತಂದನು. ಬೆಟ್ಟದ ಬುಡದಲ್ಲಿ ಅರಸನ ಖೋಟ್ಲ, ಅದರ ಸುತ್ತಲೂ ಒಂದೊಂದು ಮನೆತನಕ್ಕೆ ಒಂದೊಂದು ಕೇರಿ, ಪ್ರತಿ ಕೇರಿಗೂ ಚಿಕ್ಕದೊಂದು ಖೋಟ್ಲ. ಹುಲ್ಲಿನ ಮಾಡುಳ್ಳ ದುಂಡು ಮನೆಗಳು, ಹೆಂಗಸರು ಮಣ್ಣಿನಿಂದಲೂ ಸಗಣಿಯಿಂದಲೂ ಸಾರಿಸಿ ಚಿತ್ತಾರ ಬಿಡಿಸಿದ ಅಂಗಳಗಳು. ಹೊಲಗಳು ದೂರ, ದನದ ದೊಡ್ಡಿಗಳು ಇನ್ನೂ ದೂರ. ಆದಕಾರಣ ಒಂದೊಂದು ಸಂಸಾರಕ್ಕೂ ಊರಿನಲ್ಲಿ ಒಂದು, ಹೊಲದಲ್ಲಿ ಒಂದು, ದೊಡ್ಡಿಯಲ್ಲಿ ಒಂದು, ಹೀಗೆ ಮೂರು ಬಿಡಾರಗಳಿದ್ದವು. ಊರಿನಲ್ಲಿ ಕಲ್ಲಿನ ದೇವಾಲಯವನ್ನೂ ಖಾಮನು ಕಟ್ಟಿಸಿದನು.

ಅವನ ಕುಂದುಗಳನ್ನೂ ಹೇಳದಿದ್ದರೆ ಈ ಚರಿತ್ರೆಯು ಪೂರ್ಣವಾಗದು. ಅರಸನ ಮಾತು ಮನೆಯಲ್ಲಿ ನಡೆದಂತೆ ಸಭೆಯಲ್ಲಿಯೂ ನಡೆಯಬೇಕೆಂಬುದು ಅವನ ಎಣಿಕೆಯಾಗಿತ್ತು. ಇಪ್ಪತ್ತು ವರ್ಷ ಸಂಗಡ ದುಡಿದ ಹೆಪ್‌ಬರ್ನ್ ಪಾದ್ರಿಗಳು 1891ರ ಸುಮಾರಿನಲ್ಲಿ ಈ ಕಾರಣದಿಂದಲೇ ಅವನನ್ನು ಅಗಲಿ ಹೋದರು. ತನ್ನ ನಾಡಿನಲ್ಲಿ ಲಂಡನ್ ಮಿಶನಿನ ಹೊರತು ಬೇರೆ ಸಭೆಯು ನೆಲೆಗೊಳ್ಳುವುದನ್ನು ಅವನು ಸಹಿಸಲಿಲ್ಲ. ಎಲ್ಲಕ್ಕಿಂತ ಹೆಚ್ಚಾದ ನೋವು ಮನೆಯೊಳಗೇ ಇತ್ತು. ಅವನ ಮಗನೂ ಅಜ್ಜನ ಹೆಸರನ್ನೇ ಹೊತ್ತವನೂ ಆದ ಎರಡನೆಯ ಸೆಖೋಮನು ಬೆಳೆದು ದೊಡ್ಡವನಾದ ಮೇಲೆ ತಂದೆಗೂ ಅವನಿಗೂ ಮನಸ್ತಾಪ ಹುಟ್ಟಿತು. ಹತ್ತೊಂಬತ್ತನೆಯ ಶತಮಾನದ ಕೊನೆಯ ವರ್ಷಗಳಲ್ಲಿ ಆ ಮಗನು ತನ್ನ ಕಡೆಯವರನ್ನು ಕರೆದುಕೊಂಡು ದೂರ ಹೋಗಿ ನೆಲೆಸಿದನು. ಇಪ್ಪತ್ತು ವರ್ಷಗಳ ಮಟ್ಟಿಗೆ ತಂದೆ ಮಕ್ಕಳು ಬೇರೆಯಾಗಿಯೇ ಇದ್ದರು. ಮನಸ್ಸಾಕ್ಷಿಗಾಗಿ ತಂದೆಯ ಮಾತನ್ನು ಮೀರಿದ ಖಾಮನಿಗೆ, ತನ್ನ ಮಗನು ತನ್ನ ಮಾತನ್ನು ಮೀರಿದಾಗ ಕ್ಷಮಿಸುವುದು ಕಷ್ಟವಾಯಿತು. ದಾವೀದನಿಗೂ ಗೋಲಿಯಾತನಿಗಿಂತ ಅಬ್ಷಾಲೋಮನೇ ಕಠಿನನಾಗಿದ್ದನಲ್ಲವೇ? ಅಬ್ಷಾಲೋಮನ ಕಥೆಯು ಅಡವಿಯಲ್ಲಿ ಮುಗಿಯಿತು. ಸೆಖೋಮನ ಕಥೆಯು ಹಾಗೆ ಮುಗಿಯಲಿಲ್ಲ. ಖಾಮನು ಎಂಬತ್ತು ವರ್ಷದವನಾದ ಕಾಲದಲ್ಲಿ ಸಮಾಧಾನವಾಗಿ, ಮಗನು ಸೆರೋವೆಗೆ ಹಿಂದಿರುಗಿದನು.

1921ನೇ ಜುಲೈ 1ರಂದು ಈ ಮಗನಿಗೆ ಸೆರೋವೆಯಲ್ಲಿ ಒಂದು ಗಂಡು ಮಗು ಹುಟ್ಟಿತು. ಮಗುವಿಗೆ ಸೆರೆಟ್ಸೆ ಎಂದು ಹೆಸರಿಟ್ಟರು. ಬೇರೆಯಾದದ್ದನ್ನು ಹಿಡಿದು ಕೂಡಿಸುವ ಜೇಡಿಮಣ್ಣು ಎಂದು ಆ ಶಬ್ದದ ಅರ್ಥ. ತಂದೆಯೂ ಅಜ್ಜನೂ ಒಂದಾದದ್ದರ ನೆನಪಿಗಾಗಿ ಇಟ್ಟ ಹೆಸರದು. ದಿನವೂ ಮಣ್ಣು ಕಲಸಿ ಗೋಡೆ ಮೆತ್ತುವ ಜನರಿಗೆ ಆ ಹೆಸರನ್ನು ಯಾರೂ ವಿವರಿಸಬೇಕಾಗಿರಲಿಲ್ಲ.

ಖಾಮನು 1923ನೇ ಫೆಬ್ರವರಿ 21ರಂದು ಸೆರೋವೆಯಲ್ಲಿ ಮರಣಹೊಂದಿದನು. ಅವನನ್ನು ಖೋಟ್ಲದ ಮೇಲುಗಡೆಯಲ್ಲಿರುವ ತಾತಗನ್ಯಾನ ಎಂಬ ಬೆಟ್ಟದ ಮೇಲೆ ಹೂಣಿಟ್ಟರು. ಸಮಾಧಿಯ ಮೇಲೆ ಅವನ ಕುಲಚಿಹ್ನೆಯಾದ ಚಿಕ್ಕ ಜಿಂಕೆಯ ಕಂಚಿನ ಪ್ರತಿಮೆಯಿದೆ. 1925ರಲ್ಲಿ ಇಂಗ್ಲೆಂಡಿನ ಯುವರಾಜನು ಬಂದು ಅದನ್ನು ಅನಾವರಣ ಮಾಡಿದನು. ಅದೇ ವರ್ಷ ಎರಡನೆಯ ಸೆಖೋಮನೂ ತೀರಿಹೋದದ್ದರಿಂದ ನಾಲ್ಕು ವರ್ಷದ ಸೆರೆಟ್ಸೆಯು ಅರಸುತನಕ್ಕೆ ಬಾಧ್ಯನಾದನು. ಅವನ ಪರವಾಗಿ, ಖಾಮನಿಗೆ ಕಡೆಯ ಹೆಂಡತಿಯಾದ ಸೆಮಾನೆಯಲ್ಲಿ ಹುಟ್ಟಿದ ಚೆಕೆಡಿ ಎಂಬ ಚಿಕ್ಕಪ್ಪನು ಆಳಿದನು.

ಮನೆತನದ ಹಳೆಯ ಪ್ರಶ್ನೆಯು ಇನ್ನೊಂದು ಸಾರಿ ಎದ್ದಿತು. ಇಂಗ್ಲೆಂಡಿನಲ್ಲಿ ಓದುತ್ತಿದ್ದ ಸೆರೆಟ್ಸೆಯು 1948ರಲ್ಲಿ ರೂತ್ ವಿಲಿಯಮ್ಸ್ ಎಂಬ ಇಂಗ್ಲಿಷ್ ಕನ್ಯೆಯನ್ನು ಮದುವೆಯಾದನು. ಚಿಕ್ಕಪ್ಪನು ಕೋಪಗೊಂಡನು, ಹಿರಿಯರ ಅನುಮತಿಯಿಲ್ಲದೆ ಅರಸನು ಹೆಂಡತಿಯನ್ನು ತರಬಹುದೇ ಎಂದು ಸೆರೋವೆಯ ಖೋಟ್ಲದಲ್ಲಿ ಸಾವಿರಾರು ಗಂಡಸರು ಕೂಡಿ ವಿಚಾರಮಾಡಿದರು. 1949ರಲ್ಲಿ ಜನರು ಸೆರೆಟ್ಸೆಯನ್ನೂ ಅವನ ಹೆಂಡತಿಯನ್ನೂ ಒಪ್ಪಿಕೊಂಡರು. ಬ್ರಿಟಿಷ್ ಸರಕಾರವೋ ಒಪ್ಪದೆ ಅವನನ್ನು ಸ್ವದೇಶದಿಂದ ಹೊರಗಿಟ್ಟು, 1956ರಲ್ಲಿ, ಅರಸುತನದ ಹಕ್ಕನ್ನು ಬಿಟ್ಟುಕೊಟ್ಟ ಮೇಲೆಯೇ, ಹಿಂದಿರುಗಗೊಟ್ಟಿತು. ಅಷ್ಟರಲ್ಲಿ ಚಿಕ್ಕಪ್ಪನೂ ಮಗನೂ ರಾಜಿಯಾಗಿದ್ದರು. ಅರಸನಾಗದೆ ಹೋದವನನ್ನು ಹತ್ತು ವರ್ಷಗಳ ಮೇಲೆ ಜನರು ದೇಶಕ್ಕೆಲ್ಲಾ ಅಧ್ಯಕ್ಷನನ್ನಾಗಿ ಪಡೆದರು. 1895ರಲ್ಲಿ ಕಂಪನಿಯ ಕೈಗೆ ಬೀಳದೆ ಉಳಿದ ಆ ನೆಲವೇ 1966ನೇ ಸೆಪ್ಟೆಂಬರ್ 30ರಂದು ಬೋಟ್ಸ್ವಾನವೆಂಬ ಹೆಸರಿನಿಂದ ಸ್ವತಂತ್ರವಾಯಿತು. ಸೆರೆಟ್ಸೆಯು 1980ನೇ ಜುಲೈ 13ರಂದು ತೀರಿಹೋದಾಗ ಅವನ ದೇಹವನ್ನು ಸೆರೋವೆಗೆ ತಂದು, ಅಜ್ಜನು ಮಲಗಿರುವ ಬೆಟ್ಟದ ಮೇಲೆಯೇ ಹೂಣಿಟ್ಟರು.